ನವಣೆಮೊಗದಮ್ಮನ ಗುಡ್ಡ

ಬೇವಿನ ನೆರಳನ್ನೇ ಮನೆ ಮಾಡಿಕೊಂಡವಳಿಗೆ, ಉರಿಯಾಗಿ ಬಂದು ತಂಪಾಗಿ ಹೋಗುವವಳಿಗೆ, ತಾನು ರೂಪವಿಲ್ಲದ ಕಲ್ಲಾಗಿ ಕುಳಿತು ಮಕ್ಕಳೆಲ್ಲರ ರೂಪವನ್ನು ಕಾಯುವ ತಾಯಿ ಮಾರಮ್ಮನಿಗೆ ಮೊದಲ ಶರಣು. ಹೇಳುವ ಬಾಯಿಗೆ ಸುಳ್ಳು ಬಾರದಿರಲಿ, ಕೇಳುವ ಕಿವಿಗೆ ದಣಿವು ಬಾರದಿರಲಿ.

ಗೂಳಿಗುಂದದಿಂದ ಬಡಗಣ ದಿಕ್ಕಿಗೆ ಹೊರಟರೆ, ಎರೆಹೊಲಗಳು ಮುಗಿದು ಕೆಂಪು ಮಸಾರಿ ನೆಲ ಶುರುವಾಗುವ ಕಡೆ ಒಂದು ಒಂಟಿ ಗುಡ್ಡ ಸಿಗುತ್ತದೆ. ದೂರದಿಂದ ನೋಡಿದವರಿಗೆ ಮೆಲುಕು ಹಾಕುತ್ತ ಮಲಗಿದ ಎಮ್ಮೆಯ ಬೆನ್ನಿನಂತೆ ಕಾಣುತ್ತದೆ, ಅಷ್ಟೆ. ಬುಡದಲ್ಲಿ ಹಳೆಯ ಬೇವಿನ ಮರಗಳು, ಅವುಗಳ ಹಿಂದೆ ಒಂದು ಗವಿ, ಗವಿಯ ಮುಂದೆ ಕಲ್ಲುಕಂಬದ ಸಣ್ಣ ಮಂಟಪ. ಗವಿಯೊಳಗೆ ಅರಿಶಿನ ಮೆತ್ತಿದ ಗುಂಡುಕಲ್ಲೇ ದೇವಿ. ಮಂಟಪದ ಒಳಗೋಡೆಯ ಮೇಲೆ ಒಂದು ಚಿತ್ರವಿದೆ. ಮಧ್ಯಾಹ್ನದಲ್ಲೂ ಅಲ್ಲಿ ಮಬ್ಬುಗತ್ತಲೆ. ಪೂಜಾರಿ ಬಾಗಿಲಲ್ಲಿ ನಿಂತು ಹಿತ್ತಾಳೆಯ ತಟ್ಟೆ ಹಿಡಿದು ಹೊರಗಿನ ಬಿಸಿಲನ್ನು ಗೋಡೆಯ ಮೇಲೆ ತಿರುಗಿಸುತ್ತಾನೆ. ಆಗ ಪಕ್ಕಪಕ್ಕದಲ್ಲಿ ಕೈಮುಗಿದು ನಿಂತ ಒಬ್ಬ ನಾಯಕ ಮತ್ತು ಅವನ ಮಡದಿ ನಾಗತಿ ಕಾಣುತ್ತಾರೆ. ನಾಗತಿಯ ಸೀರೆಯ ಜಾಜುಗೆಂಪು, ಮೂಗುತಿಯ ಹರದಾಳದ ಹಳದಿ ಇನ್ನೂ ಮಾಸಿಲ್ಲ. ಆದರೆ ಅವಳ ಮುಖದ ತುಂಬ ಸಣ್ಣ ಸಣ್ಣ ಕುಳಿಗಳು. ನಾಯಕನ ಮುಖದಲ್ಲಿ ಎಲ್ಲವೂ ಇದೆ, ಕಣ್ಣು ಮಾತ್ರ ಇಲ್ಲ. ಹೊಸಬರು ನೋಡಿದರೆ, ಪಾಪ, ಹಳೆಯ ಚಿತ್ರ ಹಾಳಾಗಿದೆ ಎಂದೇ ತಿಳಿಯುತ್ತಾರೆ. ಒಮ್ಮೆ ಪಟ್ಟಣದ ಪುಣ್ಯಾತ್ಮರೊಬ್ಬರು, ತಮ್ಮ ಖರ್ಚಿನಲ್ಲಿ ಕುಳಿಗಳಿಗೆ ಸಿಮೆಂಟು ತುಂಬಿಸಿ ಹೊಸ ಬಣ್ಣ ಹೊಡೆಸುತ್ತೇನೆ ಎಂದು ಮುಂದೆ ಬಂದರಂತೆ. ಊರಿನ ಹಿರಿಯರು ಅವರಿಗೆ ಮಜ್ಜಿಗೆ ಕೊಟ್ಟು, ಬೇವಿನ ಕಟ್ಟೆಯ ಮೇಲೆ ಕೂರಿಸಿ, "ಸ್ವಾಮಿ, ಆ ತಪ್ಪು ಇಲ್ಲಿ ಒಂದು ಸಲ ಆಗಿ ಹೋಗಿದೆ" ಎಂದರಂತೆ. ಆಮೇಲೆ ಅವರಿಗೆ ಹೇಳಿದ ಕಥೆ ಇದು.

ಹಿಂದೆ ಒಮ್ಮೆ, ಗೂಳಿಗುಂದ ಒಂದು ಚಿಕ್ಕ ಪಾಳೆಯವಾಗಿದ್ದ ಕಾಲದಲ್ಲಿ, ಬಿಲ್ಲಪ್ಪ ನಾಯಕನೆಂಬುವನು ಅಲ್ಲಿ ಆಳುತ್ತಿದ್ದ. ಅವನ ಮಡದಿ ಸಿರಿಯವ್ವ ನಾಗತಿ. ಮದುವೆಯಾಗಿ ಬಂದಾಗ ಅವಳ ಮುಖವನ್ನು ನೋಡಿದ ಹೆಂಗಸರು, ಬೆಣ್ಣೆಯ ಮೇಲೆ ಬೆಳದಿಂಗಳು ಬಿದ್ದ ಹಾಗಿದೆ ಎಂದು ಲಟಿಕೆ ಮುರಿದಿದ್ದರು. ಅದೇ ಮದುವೆಯಲ್ಲಿ ಧಾರೆಗೆ ಇಡುವ ಐರಾಣಿ ಗಡಿಗೆಗಳಿಗೆ ಬಣ್ಣ ಬರೆದವನು ಪಕ್ಕದೂರಿನ ಚಿತ್ರಗಾರ ನರಸೋಜ. ಆಗಲೇ ಅವನ ಕೈ ಹೆಸರಾಗಿತ್ತು. ಅವನ ಕೈಯಲ್ಲಿ ಯಾವ ಹೆಣ್ಣಿಗೂ ಮುಪ್ಪು ಬಂದದ್ದಿಲ್ಲ, ಯಾವ ಗಂಡಿಗೂ ಹೊಟ್ಟೆ ಬಂದದ್ದಿಲ್ಲ. ಮನೆಯ ಪಡಸಾಲೆಯಲ್ಲಿ ತಮ್ಮ ಚಿತ್ರ ಬರೆಸಿಕೊಂಡ ಶ್ರೀಮಂತರು, "ನರಸೋಜನ ಗೋಡೆಯ ಮೇಲೆ ಇರುವ ಸುಖ ಮೈಯೊಳಗೆ ಇಲ್ಲ" ಎಂದು ನಗುತ್ತಿದ್ದರು. ಇದನ್ನು ಅವನು ಹೊಗಳಿಕೆ ಎಂದುಕೊಂಡೇ ಬಾಳಿದವನು. ಅವನ ತಂದೆ ಹಾಗಿರಲಿಲ್ಲ. ಮಗನ ಕೈಗೆ ಕುಂಚ ಕೊಡುವಾಗ ಅವನು ಒಂದು ಮಾತು ಹೇಳಿದ್ದ: "ಕಣ್ಣು ಬರೆಯುವವರೆಗೆ ಅದು ಬರೀ ಸುಣ್ಣ, ಮಗನೇ. ಕಣ್ಣು ಬರೆದ ಮೇಲೆ ಅದು ದೇವರ ಮುಂದೆ ನಿಂತ ಸಾಕ್ಷಿ." ಆ ಕುಲದವರಲ್ಲಿ ಕಣ್ಣನ್ನು ಕಡೆಗೆ ಬರೆಯುವುದೇ ಕಟ್ಟಳೆ. ಎಲ್ಲ ಮುಗಿದ ಮೇಲೆ ಒಳ್ಳೆಯ ದಿನ ನೋಡಿ, ಚಿತ್ರಕ್ಕೆ ಒಡೆಯರಾದವರನ್ನು ಎದುರಿಗೆ ನಿಲ್ಲಿಸಿಕೊಂಡು, ಅವರ ಕಣ್ಣನ್ನೇ ನೋಡುತ್ತ ಚಿತ್ರದ ಕಣ್ಣು ತೆರೆಯಬೇಕು. ಕಣ್ಣು ತೆರೆದ ಮೇಲೆ ಆ ಚಿತ್ರವನ್ನು ಯಾರೂ ಮುಟ್ಟುವಂತಿಲ್ಲ, ತಿದ್ದುವಂತೆಯೂ ಇಲ್ಲ.

ಒಂದು ಬೇಸಿಗೆ ಅಮ್ಮ ಊರಿಗೆ ಬಂದಳು. ಈಗಿನವರು ಸಿಡುಬು ಎನ್ನುವುದನ್ನು ಆಗಿನವರು ಆ ಹೆಸರಿನಿಂದ ಕರೆಯುತ್ತಿರಲಿಲ್ಲ. ಅಮ್ಮ ಬಂದಿದ್ದಾಳೆ, ಮುತ್ತು ಸುರಿದಿದ್ದಾಳೆ ಎನ್ನುತ್ತಿದ್ದರು. ಮೊದಲು ಕುರಿಹಟ್ಟಿ, ಆಮೇಲೆ ನೇಕಾರರ ಓಣಿ, ಆಮೇಲೆ ಲೆಕ್ಕವಿಲ್ಲ. ನಾಯಕ ಕೋಟೆಯ ಬಾಗಿಲು ಹಾಕಿಸಿದ. ಒಳಗಿದ್ದವರನ್ನು ಉಳಿಸಲು ಹಾಕಿಸಿದ ಬಾಗಿಲು ಅದು, ದೂರುವಂತಿಲ್ಲ. ಆದರೆ ಹೊರಗೆ ಬಿದ್ದವರಿಗೆ ನೀರು ಕೊಡುವವರು ಬೇಕಲ್ಲ? ಸಿರಿಯವ್ವ ಬಾಗಿಲು ತೆಗೆಸಿಕೊಂಡು ಹೊರಟಳು. ಈ ಗುಡ್ಡದ ಬುಡದ ಕುರಿದೊಡ್ಡಿಯಲ್ಲಿ ಬೇವಿನ ಸೊಪ್ಪು ಹಾಸಿ, ಬಂದವರನ್ನೆಲ್ಲ ಮಲಗಿಸಿಕೊಂಡು, ನವಣೆ ಗಂಜಿ ಕುಡಿಸುತ್ತ ನಿಂತಳು. ಕೆಲವೇ ದಿನಗಳಲ್ಲಿ ಅಮ್ಮ ಅವಳ ಮೈಮೇಲೂ ಬಂದಳು. ಸುದ್ದಿ ತಿಳಿದ ನಾಯಕ ಓಡಿ ಬಂದ. ಅವಳನ್ನು ಗವಿಯೊಳಗೆ ಮಲಗಿಸಿದ್ದರು. ಅವನು ಹೊರಗಿನ ಬಂಡೆಯ ಮೇಲೆ ಅನ್ನ ನೀರು ಬಿಟ್ಟು ಕುಳಿತ. ದೇವಿಯ ಕಲ್ಲಿಗೆ ಕೈಚಾಚಿ ಹರಕೆ ಹೊತ್ತ: "ತಾಯಿ, ಹೇಗಿದ್ದರೂ ಸರಿ, ಅವಳನ್ನು ಉಳಿಸಿಕೊಡು. ನೀನು ಕೊಟ್ಟ ಹಾಗೆಯೇ ಅವಳ ರೂಪವನ್ನು ಬರೆಸಿ ನಿನ್ನ ಎದುರು ನಿಲ್ಲಿಸುತ್ತೇನೆ." ಆ ಹೊತ್ತಿನಲ್ಲಿ ಅವನು ಅಂದದ್ದು ಮನಸ್ಸಿನ ಆಳದಿಂದಲೇ ಎಂಬುದರಲ್ಲಿ ಸಂದೇಹವಿಲ್ಲ. ತಾಯಿ ಕೇಳಿದಳು, ಉಳಿಸಿಕೊಟ್ಟಳು.

ಸಿರಿಯವ್ವ ಎದ್ದಳು, ಆದರೆ ಕೂಡಲೇ ಕೋಟೆಗೆ ಹೋಗಲಿಲ್ಲ. ಅಮ್ಮ ಒಮ್ಮೆ ಆಡಿ ಹೋದವರನ್ನು ಮತ್ತೆ ಮುಟ್ಟುವುದಿಲ್ಲ ಎಂಬುದು ಎಲ್ಲರೂ ಬಲ್ಲ ಮಾತು. ಇನ್ನು ತನಗೆ ಭಯವಿಲ್ಲವೆಂದು ದೊಡ್ಡಿಯಲ್ಲೇ ಉಳಿದು, ಕಡೆಯವರು ಎದ್ದು ಮನೆಗೆ ನಡೆಯುವವರೆಗೆ ಸೇವೆ ಮಾಡಿದಳು. ಈಗ ಅವಳ ಕೈಯಲ್ಲಿ ಮೊದಲಿಲ್ಲದ ಒಂದು ಮದ್ದಿತ್ತು. ಇನ್ನು ಬದುಕುವುದಿಲ್ಲವೆಂದು ಗೋಡೆಯ ಕಡೆ ತಿರುಗಿದವರಿಗೆ ತನ್ನ ಮುಖ ತೋರಿಸುತ್ತಿದ್ದಳು. ರೆಪ್ಪೆ ಅಂಟಿಕೊಂಡು ನೋಡಲಾರದವರ ಕೈಯನ್ನು ತೆಗೆದುಕೊಂಡು, ಕುಳಿಬಿದ್ದ ತನ್ನ ಕೆನ್ನೆಯ ಮೇಲೆ ಇಟ್ಟುಕೊಂಡು, "ನನಗೂ ಬಂದಿತ್ತು. ನಾನು ಉಳಿದಿಲ್ಲವೇನು?" ಎನ್ನುತ್ತಿದ್ದಳು. ಆ ಕೆನ್ನೆಯನ್ನು ಮುಟ್ಟಿ ಜೀವ ಹಿಡಿದುಕೊಂಡವರು ಬಹಳ ಮಂದಿ ಎನ್ನುತ್ತಾರೆ.

ಅವಳು ಕೋಟೆಗೆ ಬಂದ ದಿನ ನಾಯಕ ಬಾಗಿಲವರೆಗೆ ಬಂದು ಎದುರುಗೊಂಡ. ಆರತಿಯ ಬೆಳಕಿನಲ್ಲಿ ಅವಳ ಮುಖವನ್ನು ನೋಡಿದ. ನೋಡಿದವನು ಆರತಿಯ ತಟ್ಟೆಯ ಕಡೆ ಕಣ್ಣು ಹೊರಳಿಸಿದ. ಅಂದಿನಿಂದ ಅವಳೊಡನೆ ಮಾತನಾಡುವಾಗ ಕಂಬವನ್ನೋ ದೀಪವನ್ನೋ ನೋಡುತ್ತಿದ್ದ. ಕೆಟ್ಟವನಲ್ಲ, ಅವಳಿಗೆ ನೋವಾಗದಿರಲೆಂದು ಅಂತಃಪುರದ ಕನ್ನಡಿಗಳನ್ನೆಲ್ಲ ತೆಗೆಸಿಹಾಕಿದ್ದ. ಕನ್ನಡಿ ತೆಗೆಸಿದ್ದೇ ಅವಳಿಗೆ ದೊಡ್ಡ ಕನ್ನಡಿಯಾಯಿತೆಂದು ಅವನಿಗೆ ಹೊಳೆಯಲಿಲ್ಲ. ಹರಕೆ ಮಾತ್ರ ಮರೆಯಲಿಲ್ಲ. ಗವಿಯ ಮುಂದೆ ಮಂಟಪ ಕಟ್ಟಿಸಿ ನರಸೋಜನಿಗೆ ಕರೆ ಕಳುಹಿಸಿದ.

"ಓಜಾ, ನಾಗತಿಯನ್ನು ನೀನು ಮದುವೆಯಲ್ಲಿ ನೋಡಿದ್ದೀಯಲ್ಲವೇ?" ಎಂದು ನಾಯಕ ಕೇಳಿದ.

"ಧಾರೆಯ ಗಡಿಗೆ ಬರೆದವನೇ ನಾನು, ಒಡೆಯಾ."

"ಆ ಮುಖ ನೆನಪಿದೆಯೇ?"

"ಅಂಥ ಮುಖ ಮರೆಯುವುದುಂಟೇ?"

ನಾಯಕ ದೀಪದ ಕುಡಿಯನ್ನು ಸರಿಮಾಡುತ್ತ, "ಹಾಗಿದ್ದರೆ ಅದನ್ನೇ ಬರೆ. ಪಕ್ಕದಲ್ಲಿ ನನ್ನದೂ ಇರಲಿ" ಎಂದ.

ನರಸೋಜನಿಗೆ ಅರ್ಥವಾಯಿತು. ಅರ್ಥವಾದದ್ದನ್ನು ಅರ್ಥವಾಗದ ಹಾಗೆ ಇಟ್ಟುಕೊಳ್ಳುವುದು ದೊಡ್ಡವರ ಮನೆಯಲ್ಲಿ ಕೆಲಸ ಮಾಡುವವರಿಗೆ ಅಭ್ಯಾಸ. ಅಷ್ಟಕ್ಕೇ ಬಿಟ್ಟಿದ್ದರೂ ಆಗುತ್ತಿತ್ತು, ನಾಲಗೆ ಸುಮ್ಮನಿರಲಿಲ್ಲ. "ಒಡೆಯರ ಮನಸ್ಸಿನಲ್ಲಿ ಇರುವ ಮುಖವೇ ನಿಜವಾದ ಮುಖ" ಎಂದುಬಿಟ್ಟ. ನಾಯಕನ ಮುಖ ಅರಳಿತು. ಈ ಮಾತು ಮುಂದೆ ಎಷ್ಟೋ ವರ್ಷ ನರಸೋಜನ ಊಟದ ತುತ್ತಿನಲ್ಲಿ ಕಲ್ಲಾಗಿ ಸಿಕ್ಕಿತೆನ್ನುತ್ತಾರೆ.

ಮಂಟಪದಲ್ಲಿ ಕೆಲಸ ಶುರುವಾಯಿತು. ಗೋಡೆಗೆ ಗಾರೆ ಬಳಿದು, ನುಣುಪಾದ ಹೊಳೆಗಲ್ಲಿನಿಂದ ಉಜ್ಜಿ ಉಜ್ಜಿ ಕನ್ನಡಿಯಂತೆ ಮಾಡುತ್ತಿದ್ದಾಗ ಒಂದು ಬೆಳಿಗ್ಗೆ ಸಿರಿಯವ್ವ ತಾನಾಗಿಯೇ ಬಂದಳು. ಚಿತ್ರ ಬರೆಯುವಾಗ ಎದುರಿಗೆ ಕೂರಬೇಕೆಂದು ಅವಳಿಗೆ ಯಾರೂ ಹೇಳಿರಲಿಲ್ಲ. ತಾನೇ ಅಂದುಕೊಂಡು ಬಂದಿದ್ದಳು. ಅರಿಶಿನ ಹಚ್ಚದೆ ಬರೀ ನೀರಿನಲ್ಲಿ ಮುಖ ತೊಳೆದುಕೊಂಡು, ಸೆರಗನ್ನು ಹಿಂದಕ್ಕೆ ಸರಿಸಿ, ಮೂಡಲ ಬಾಗಿಲಿನ ಬೆಳಕು ನೇರವಾಗಿ ಬೀಳುವ ಕಡೆ ಮಣೆ ಹಾಕಿಕೊಂಡು ಕುಳಿತಳು. ನರಸೋಜ ಬೆನ್ನು ತಿರುಗಿಸಿದವನು ತಿರುಗಿಸಿಕೊಂಡೇ ಇದ್ದ. ನೋಡಬಾರದೆಂಬ ಮರ್ಯಾದೆಯೇ ಅದು ಎಂದು ತನಗೆ ತಾನೇ ಹೇಳಿಕೊಂಡ.

"ಅವ್ವನವರು ಯಾಕೆ ಶ್ರಮ ತೆಗೆದುಕೊಂಡಿರಿ? ತಮ್ಮ ಮುಖ ನನ್ನ ನೆನಪಿನಲ್ಲಿ ಅಚ್ಚು ಹೊಡೆದ ಹಾಗಿದೆ" ಎಂದ, ಗೋಡೆಯ ಕಡೆಗೆ.

"ಯಾವುದು, ಓಜಯ್ಯಾ?" ಎಂದಳು ಅವಳು.

ಅವನ ಕೈಯ ಹೊಳೆಗಲ್ಲು ಗೋಡೆಯ ಮೇಲೆ ಓಡುತ್ತಲೇ ಇತ್ತು. ಅವಳು ಸ್ವಲ್ಪ ಹೊತ್ತು ಕಾದಳು. "ಹಾಗಿದ್ದರೆ ಇಲ್ಲಿ ನಾನು ಬೇಕಾಗಿಲ್ಲ" ಎಂದು ಎದ್ದು, ಸೆರಗನ್ನು ಮತ್ತೆ ಮುಂದಕ್ಕೆ ಎಳೆದುಕೊಂಡು, ಮಣೆಯನ್ನು ತಾನೇ ಎತ್ತಿ ಗೋಡೆಗೆ ಒರಗಿಸಿ ಹೋದಳು. ಮಣೆ ಕಲ್ಲಿಗೆ ತಾಗಿದ ಸದ್ದು ನರಸೋಜನ ಬೆನ್ನಿಗೆ ಕೇಳಿಸಿತು.

ಚಿತ್ರ ಬೆಳೆಯಿತು. ಅವನು ತನ್ನ ಜೀವಮಾನದಲ್ಲಿ ಅಷ್ಟು ಚೆಲುವಾದ ಮುಖ ಬರೆದದ್ದಿಲ್ಲ. ಗಾರೆಯ ಹೊಳಪಿನ ಮೇಲೆ ಕೆನ್ನೆ ಹಾಲಿನ ಕೆನೆಯಂತೆ ನಿಂತಿತು. ನೋಡಲು ಬಂದವರಲ್ಲಿ ಕುರುಬರ ಹಾಲಪ್ಪನೂ ಒಬ್ಬ. ನಾಗತಿಯ ಕೈಯಲ್ಲಿ ಗಂಜಿ ಕುಡಿದು ಬದುಕಿದವನು. ಚಿತ್ರದ ಮುಂದೆ ಕಂಬಳಿ ಹೆಗಲಿನಿಂದ ಇಳಿಸಿ ಭಕ್ತಿಯಿಂದ ಅಡ್ಡಬಿದ್ದ. ಎದ್ದು, "ಭಾಳ ಕಳೆ ಐತ್ರಿ ಓಜಪ್ನೋರ. ಇದು ಯಾವೂರ ದೇವರು?" ಎಂದ.

"ನಾಗತಿಯವರಲ್ಲವೇನೋ?" ಎಂದ ನರಸೋಜ.

ಹಾಲಪ್ಪ ಚಿತ್ರವನ್ನು ನೋಡಿದ, ನೆಲವನ್ನು ನೋಡಿದ. "ಹೌದ್ರಿ, ಹೌದು. ನಮ್ಮ ಕಣ್ಣು ಕುರಿ ಕಾಯೋ ಕಣ್ಣು" ಎಂದು ಕಂಬಳಿ ಹೊದ್ದುಕೊಂಡು ಹೊರಟುಹೋದ. ನರಸೋಜ ಇದನ್ನು ಮನೆಯಲ್ಲಿ ನಗೆಯ ಮಾತಾಗಿ ಹೇಳಿದ. ಅವನ ಹೆಂಡತಿ ಗಿರಿಯವ್ವ ರೊಟ್ಟಿ ತಟ್ಟುತ್ತಿದ್ದಳು. ಅವಳ ಮೇಲಿನ ಸಾಲಿನ ಒಂದು ಹಲ್ಲು ತುಟಿ ಮೀರಿ ಹೊರಗೆ ಬಂದಿತ್ತು.

"ನನ್ನ ಬರದ್ರ ಈ ಹಲ್ಲು ಬರೀತೀಯೋ ಬಿಡ್ತೀಯೋ?" ಎಂದು ಕೇಳಿದಳು.

"ಬಿಡ್ತೀನಿ. ಹಲ್ಲು ಒಳಗ ಹಾಕಿ, ತುಟಿಗೆ ವೀಳ್ಯದ ಕೆಂಪು ಕೊಟ್ಟು, ರಂಭಿ ಮಾಡಿ ನಿಲ್ಲಸ್ತೀನಿ."

"ಹಂಗಾದ್ರ ನಾ ಸತ್ತ ಮ್ಯಾಲ ಆ ರಂಭೀನ್ನ ನೆನಸಿಕೊಂಡು ಅಳು. ನನ್ನ ನೆನಸೋದು ಬ್ಯಾಡ" ಎಂದು ಗಿರಿಯವ್ವ ರೊಟ್ಟಿಯನ್ನು ಹೆಂಚಿನ ಮೇಲೆ ತಿರುವಿಹಾಕಿದಳು. ಅವಳು ನಕ್ಕೇ ಹೇಳಿದ್ದಳು. ಅವನು ರೊಟ್ಟಿಯನ್ನು ಅರ್ಧಕ್ಕೆ ಬಿಟ್ಟು ಎದ್ದ.

ಕಣ್ಣು ಬರೆಯುವ ದಿನ ಬಂತು. ದೊಡ್ಡಿಯಲ್ಲಿ ಬದುಕಿ ಎದ್ದವರೆಲ್ಲ, ಸುತ್ತಿನ ಹಳ್ಳಿಗಳಿಂದ ಹೊಸ ನವಣೆಯನ್ನು ಮೊರದಲ್ಲಿ ತುಂಬಿಕೊಂಡು, ದೇವಿಗೆ ಮೀಸಲು ಅರ್ಪಿಸಲು ಬಂದಿದ್ದರು. ಚಿತ್ರದ ಎದುರು ನಾಯಕ ಮತ್ತು ನಾಗತಿ ನಿಂತರು. ನಾಗತಿಯ ಸೆರಗು ಮುಖದ ಮೇಲಿತ್ತು. ನರಸೋಜ ಅಳಿಲುಗೂದಲಿನ ಸಣ್ಣ ಕುಂಚವನ್ನು ದೀಪದ ಮಸಿಯಲ್ಲಿ ಅದ್ದಿ ಸಿದ್ಧನಾದ. ಅಷ್ಟರಲ್ಲಿ ಜನರ ನಡುವಿನಿಂದ ಕೋಲು ಊರಿಕೊಂಡು ಒಬ್ಬ ಮುದುಕಿ ಮುಂದೆ ಬಂದಳು. ನೇಕಾರರ ಸಣ್ಣೀರವ್ವ. ಅಮ್ಮ ಅವಳ ಜೀವವನ್ನು ಬಿಟ್ಟು ಕಣ್ಣೆರಡನ್ನು ತೆಗೆದುಕೊಂಡು ಹೋಗಿದ್ದಳು.

"ಕಣ್ಣು ಬರದ ಮ್ಯಾಲ ಮುಟ್ಟಬಾರದಂತ. ಅದಕ್ಕ ಮೊದಲ ಒಂದು ಸಲ ಮುಟ್ಟಿಸ್ರಪ್ಪಾ" ಎಂದಳು.

"ಮುದುಕಿಗೆ ಚಿತ್ರ ನೋಡೋ ಹುಚ್ಚು" ಎಂದು ಹಿಂದಿನಿಂದ ಯಾರೋ ನಕ್ಕರು. ಪೂಜಾರಿ, ಇರಲಿ ಬಿಡಿ ಎಂದು ಅವಳ ಕೈಹಿಡಿದು ಗೋಡೆಯ ಹತ್ತಿರ ನಿಲ್ಲಿಸಿ, ಕೈಯನ್ನು ಚಿತ್ರದ ಮುಖದ ಮೇಲೆ ಇಟ್ಟ. ಸಣ್ಣೀರವ್ವ ಹಣೆಯನ್ನು ಸವರಿದಳು, ಕೆನ್ನೆಯನ್ನು ಸವರಿದಳು, ಗಲ್ಲವನ್ನು ಸವರಿದಳು. ಮತ್ತೆ ಕೆನ್ನೆಗೆ ಬಂದಳು. ಕೈ ತೆಗೆದು ಸೀರೆಗೆ ಒರೆಸಿಕೊಂಡಳು.

"ಇದು ನಮ್ಮವ್ವ ಅಲ್ಲ" ಎಂದಳು.

"ಗೋಡಿ ನುಣ್ಣಗಿರದ ಇನ್ನೇನು, ಮುದುಕೀ? ಬಣ್ಣ ಕೈಗೆ ಸಿಗತೈತೇನು?" ಎಂದು ಮತ್ತೆ ಅದೇ ನಗೆ.

"ನನಗ ಚಿತ್ರ ಗಿತ್ರ ಗೊತ್ತಿಲ್ಲಪ್ಪ" ಎಂದಳು ಸಣ್ಣೀರವ್ವ, ಯಾರನ್ನೂ ದೂರುವ ದನಿಯಲ್ಲಲ್ಲ. "ಅವ್ವ ಇನ್ನ ಮುಂದ ಯಾವಾಗ್ಲೂ ಇಲ್ಲೇ ನಿಂತಿರ್ತಾಳ ಅಂದ್ರು, ಬಂದೆ. ನಾ ಹೊಂಟಿದ್ದೆ, ಹೋಗಾಕ ತಯಾರಾಗಿದ್ದೆ. ಆವಾಗ ನನ್ನ ಕೈ ತಗೊಂಡು ಕೆನ್ನಿ ಮ್ಯಾಲ ಇಟಗೊಂಡು, 'ನನಗೂ ಬಂದಿತ್ತು, ನಾನು ಉಳಿದಿಲ್ಲೇನು' ಅಂದ್ಳು. ಆ ಕೆನ್ನಿ ಮುಟ್ಟೇ ನಾ ತಿರುಗಿ ಬಂದಾಕಿ. ನಾಳೆ ಅಮ್ಮ ಮತ್ತ ಬಂದ್ರ, ನಮ್ಮ ಮಕ್ಕಳು ಇಲ್ಲಿಗೆ ಬಂದು ಏನು ಮುಟ್ಟಬೇಕು?"

ಆಮೇಲೆ ಯಾರೂ ನಗಲಿಲ್ಲ. ಹಾಲಪ್ಪ ತಲೆ ತಗ್ಗಿಸಿ ಕಂಬಳಿಯ ನೂಲು ಕೀಳುತ್ತಿದ್ದ. ಕಣ್ಣಿದ್ದವರು ಎಲ್ಲರೂ ಈ ಮಾತನ್ನು ಮೊದಲೇ ಬಲ್ಲರೆಂದೂ ಯಾರೊಬ್ಬರೂ ಬಾಯಿ ಬಿಟ್ಟಿರಲಿಲ್ಲವೆಂದೂ ನರಸೋಜನಿಗೆ ಆಗ ಕಂಡಿತು. ಆದರೂ ಕುಂಚ ಕೈಯಲ್ಲಿತ್ತು, ಮುಹೂರ್ತ ಮೀರುತ್ತಿತ್ತು. ಕಟ್ಟಳೆಯಂತೆ ಅವನು ನಾಗತಿಯ ಕಡೆ ತಿರುಗಿ, "ತಾಯೀ, ಕಣ್ಣು ನೋಡಬೇಕು" ಎಂದ. ಸಿರಿಯವ್ವ ಸೆರಗು ಸರಿಸಿದಳು. ಅವಳ ಈಗಿನ ಮುಖವನ್ನು ಅವನು ನೋಡಿದ್ದು ಅದೇ ಮೊದಲು. ಆ ಕುಳಿಗಳ ನಡುವಿನಿಂದ ಎರಡು ಕಣ್ಣು ಅವನನ್ನು ನೋಡುತ್ತಿದ್ದವು. ಕೋಪವಿರಲಿಲ್ಲ, ದೂರಿರಲಿಲ್ಲ, ಮಣೆ ಹಾಕಿಕೊಂಡು ಕುಳಿತ ಬೆಳಗಿನ ಹಾಗೆಯೇ ಕಾಯುತ್ತಿದ್ದವು. ಅವನು ಗೋಡೆಯ ಕಡೆ ತಿರುಗಿದ. ಆ ಹಾಲುಗೆನ್ನೆಯ ಹೆಣ್ಣಿನ ಮುಖದಲ್ಲಿ ಈ ಕಣ್ಣಿಗೆ ಜಾಗವಿರಲಿಲ್ಲ. ಯಾರದೋ ಮನೆಗೆ ಯಾರನ್ನೋ ತಳ್ಳಿದಂತಾಗುತ್ತಿತ್ತು. ಕುಂಚದ ತುದಿಯಿಂದ ಮಸಿಯ ಹನಿಯೊಂದು ಅವನ ಹೆಬ್ಬೆರಳಿನ ಮೇಲೆ ಇಳಿಯಿತು. ಸಭೆಯ ಮುಂದೆ ಬಟ್ಟೆ ಕಳಚಿಬಿದ್ದವನಂತೆ ಅವನು ನಿಂತ.

"ಏನಾಯಿತು, ಓಜಾ?" ಎಂದ ನಾಯಕ.

"ಆಗದು, ಒಡೆಯಾ. ಕಣ್ಣು ಇವರದು, ಮುಖ ಇವರದಲ್ಲ. ನಾನು ಯಾರ ಸಾಕ್ಷಿ ಬರೆಯಲಿ?"

ನಾಯಕನ ಕೈ ಮೀಸೆಗೆ ಹೋಯಿತು. "ನಾನು ಹೇಳಿದ್ದನ್ನು ನೀನು ಬರೆದಿದ್ದೀಯ. ತಪ್ಪಿದ್ದರೆ ನನ್ನದು. ಮುಗಿಸು."

"ಒಡೆಯರು ಹೇಳಿದ್ದು ಹೌದು. ಅವ್ವನವರು ಎದುರಿಗೆ ಬಂದು ಕುಳಿತಾಗ ತಿರುಗಿ ನೋಡದೆ ಇದ್ದವನು ನಾನು. ಅದನ್ನು ಯಾರೂ ಹೇಳಿಕೊಟ್ಟಿರಲಿಲ್ಲ" ಎಂದು ನರಸೋಜ ಕುಂಚವನ್ನು ನೆಲಕ್ಕೆ ಇಟ್ಟ.

ಆಗ ಸಿರಿಯವ್ವ ಗಂಡನ ಹತ್ತಿರ ಒಂದು ಹೆಜ್ಜೆ ಬಂದಳು. ಜನರಿಗೆ ಕೇಳದಂತೆ, ನರಸೋಜನಿಗೆ ಮಾತ್ರ ಕೇಳುವಷ್ಟು ಮೆಲ್ಲಗೆ ಮಾತನಾಡಿದಳು. "ಗವಿಯೊಳಗೆ ಮಲಗಿದ್ದಾಗ ನನಗೆ ಕಣ್ಣು ಕಾಣುತ್ತಿರಲಿಲ್ಲ. ಕಿವಿ ಕೇಳುತ್ತಿತ್ತು. ಹೇಗಿದ್ದರೂ ಸರಿ ಅಂದಿರಿ. ನೀನು ಕೊಟ್ಟ ಹಾಗೆಯೇ ಅಂದಿರಿ. ಆ ಮಾತನ್ನು ಹಿಡಿದುಕೊಂಡು ನಾನು ಎದ್ದು ಬಂದೆ." ಅಷ್ಟೇ. ಇಷ್ಟು ಕಾಲ ಆ ಹರಕೆಯ ಮಾತು ತನಗೆ ಗೊತ್ತೆಂದು ಅವಳು ಒಮ್ಮೆಯೂ ತೋರಿಸಿಕೊಂಡಿರಲಿಲ್ಲ. ನಾಯಕ ಕಂಬವನ್ನು ನೋಡಿದ, ದೀಪವನ್ನು ನೋಡಿದ. ಎಲ್ಲಿ ನೋಡಿದರೂ ಅವನ ಕಣ್ಣಿಗೆ ತಂಗಲು ಜಾಗ ಸಿಗಲಿಲ್ಲ. ಕಡೆಗೆ ದೇವಿಯ ಕಲ್ಲಿನ ಕಡೆ ನೋಡಿದ. ಅದಕ್ಕೆ ಮುಖವೇ ಇರಲಿಲ್ಲ. ಮುಖವಿಲ್ಲದವಳ ಎದುರು ತಾನು ಒಂದು ಮುಖಕ್ಕಾಗಿ ಸುಳ್ಳು ಹೇಳಿದೆನಲ್ಲ ಎಂದು ಅವನ ತಲೆ ಎದೆಗೆ ಬಿತ್ತು. ಆಮೇಲೆ ತಲೆಯೆತ್ತಿ ಹೆಂಡತಿಯ ಮುಖವನ್ನು ನೋಡಿದ. ಈ ಸಲ ಕಣ್ಣು ಹೊರಳಿಸಲಿಲ್ಲ.

"ಕೆರೆದು ತೆಗೆ, ಓಜಾ. ಮೊದಲಿನಿಂದ ಬರೆ" ಎಂದ. ನರಸೋಜ ಎರಡು ಮುಖವನ್ನೂ ತೆಗೆಯಲೇ ಎಂದು ಕೇಳಿದಾಗ, "ನನ್ನದು ಇರಲಿ. ಕಣ್ಣು ಮಾತ್ರ ಬರೆಯಬೇಡ. ನೋಡಬೇಕಾದಾಗ ನೋಡದ ಕಣ್ಣು ಅವು, ಸಾಕ್ಷಿಗೆ ಬಾರವು" ಎಂದ.

ನರಸೋಜ ತನ್ನ ಜೀವಮಾನದ ಚೆಲುವಾದ ಮುಖವನ್ನು ತನ್ನ ಕೈಯಿಂದಲೇ ಉಳಿಯಲ್ಲಿ ಕೆರೆದ. ಪುಡಿ ಅವನ ಕಾಲ ಮೇಲೆ ಉದುರಿತು. ಹೊಸ ಗಾರೆ ಬಳಿದ. ಗೋಡೆಗೆ ಒರಗಿಸಿದ್ದ ಮಣೆಯನ್ನು ತಾನೇ ತಂದು, ಹೆಗಲ ಮೇಲಿನ ಪಂಚೆಯಿಂದ ಒರೆಸಿ, ಮೂಡಲ ಬೆಳಕಿನಲ್ಲಿ ಹಾಕಿದ. ಸಿರಿಯವ್ವ ಕುಳಿತಳು. ನೋಡುವುದು ಅಷ್ಟು ಕಷ್ಟದ ಕೆಲಸವೆಂದು ಅವನಿಗೆ ಅಂದೇ ತಿಳಿದದ್ದು. ನೋಡಿ ನೋಡಿ ಅವನ ತಲೆ ತಾನಾಗಿ ತಗ್ಗುತ್ತಿತ್ತು, ಮತ್ತೆ ಎತ್ತುತ್ತಿದ್ದ. ಕುಳಿಗಳನ್ನು ಬಣ್ಣದ ಚುಕ್ಕೆಯಾಗಿ ಬರೆದರೆ ಕಣ್ಣಿದ್ದವರಿಗಾಯಿತು, ಸಣ್ಣೀರವ್ವನಿಗೆ? ಎದುರಿನ ಮೊರದಲ್ಲಿ ಮೀಸಲು ನವಣೆ ಇತ್ತು. ಅದರಿಂದ ಒಂದೊಂದೇ ಕಾಳು ತೆಗೆದು, ಅವಳ ಕೆನ್ನೆಯನ್ನು ನೋಡಿ, ಹಸಿ ಗಾರೆಯಲ್ಲಿ ಅದೇ ಜಾಗಕ್ಕೆ ಬೆರಳಿನಿಂದ ಒತ್ತಿದ. ಅವನು ತುಟಿ ಅಲ್ಲಾಡಿಸುವುದನ್ನು ಕಂಡು ಸಿರಿಯವ್ವ, "ಎಣಿಸಬೇಡ ಓಜಯ್ಯಾ. ಅಮ್ಮನೇ ಎಣಿಸಿ ಹಾಕಿಲ್ಲ" ಎಂದಳು. ಹಾಗೆ ಹೇಳಿ ನಕ್ಕಳು. ಅವನಿಗೆ ನಗು ಬರಲಿಲ್ಲ, ಕಣ್ಣೀರು ಬಂತು. ಗಾರೆ ಒಣಗುತ್ತದೆಂದು ಒರೆಸಿಕೊಳ್ಳದೆಯೇ ಕೆಲಸ ಮಾಡಿದ.

ಗಾರೆ ಗಟ್ಟಿಯಾದ ಮೇಲೆ ಕಾಳುಗಳನ್ನು ಬಿಡಿಸಿ ತೆಗೆದು, ಬಣ್ಣ ಹಚ್ಚಿ, ಕಣ್ಣು ಬರೆಯುವ ಮೊದಲು ಸಣ್ಣೀರವ್ವನನ್ನು ಕರೆಸಿದ. ಅವಳ ಬೆರಳುಗಳು ಹಣೆಯಿಂದ ಇಳಿದವು. ಮೂಗಿನ ಬದಿಯಲ್ಲಿ ನಿಂತವು. ಅವಳು ಗೋಡೆಗೆ ಇನ್ನೂ ಹತ್ತಿರ ಸರಿದಳು. ಕೆನ್ನೆಯ ಮೇಲೆ ಅಂಗೈ ಇಟ್ಟಳು. "ಹೂಂ. ಅದಾಳ" ಎಂದಳು. ಆಮೇಲೆ ಬೆರಳು ಮತ್ತೆ ತುಟಿಯ ಹತ್ತಿರ ಹುಡುಕಾಡಿತು. "ಎಡಗಡಿ ತುಟಿ ಬಾಜೂಕ ಒಂದು ದೊಡ್ಡದಿತ್ತಲ್ಲಪ್ಪ. ಅವ್ವ ನಕ್ರ ಒಳಗ ಹೋಗ್ತಿತ್ತು. ಅದು ಎಲ್ಲಿ?"

ನರಸೋಜ ಬೆಚ್ಚಿದ. ಆ ಕುಳಿ ಎಲ್ಲಕ್ಕಿಂತ ಆಳವಾದದ್ದು. ಅದನ್ನು ಅವನು ನೋಡಿದ್ದ. ಕೈ ಮಾತ್ರ ಅದನ್ನು ದಾಟಿ ಹೋಗಿತ್ತು. ಅಷ್ಟೆಲ್ಲ ನಾಚಿದ ಮೇಲೂ, ಅಷ್ಟೆಲ್ಲ ಅತ್ತ ಮೇಲೂ, ಚೆಂದ ಮಾಡುವ ಆ ಹಳೆಯ ಚಾಳಿ ಒಂದನ್ನು ಬಚ್ಚಿಟ್ಟುಕೊಂಡಿತ್ತು. ಇದು ತಪ್ಪಿ ಬಿಟ್ಟದ್ದಲ್ಲವೆಂದು ಅವನಿಗೆ ಗೊತ್ತಿತ್ತು, ಮಣೆಯ ಮೇಲೆ ಕುಳಿತವಳಿಗೂ ಗೊತ್ತಿತ್ತು. ಈಗ ಗಾರೆ ಕಲ್ಲಾಗಿದೆ, ಕಾಳು ಒತ್ತಿದರೆ ಇಳಿಯದು. ನರಸೋಜ ಉಳಿಯನ್ನು ಮುಟ್ಟಲಿಲ್ಲ. ತನ್ನ ಹೆಬ್ಬೆರಳಿನ ಉಗುರಿನಿಂದ ಆ ಜಾಗವನ್ನು ಕೊರೆದ. ಉಗುರು ಸೀಳಿ ರಕ್ತ ಬಂದರೂ ಕುಳಿ ಮೂಡುವವರೆಗೆ ಬಿಡಲಿಲ್ಲ. ಆಮೇಲೆ ಕೈ ತೊಳೆದುಕೊಂಡು ಕುಂಚ ಹಿಡಿದು, ಸಿರಿಯವ್ವನನ್ನು ನೋಡಿ ಕಣ್ಣು ಬರೆದ. ಕಣ್ಣು ಬರೆದ ಕೂಡಲೇ ಪೂಜಾರಿ, ಇನ್ನು ಯಾರೂ ಮುಟ್ಟುವಂತಿಲ್ಲ ಎಂದು ಸಾರಲು ಹೊರಟಾಗ ಸಿರಿಯವ್ವ ತಡೆದಳು. "ನನ್ನ ಚಿತ್ರಕ್ಕೆ ಆ ಕಟ್ಟಳೆ ಬೇಡ. ಮುಟ್ಟದೆ ಹೋದರೆ ಸಣ್ಣೀರವ್ವನಿಗೆ ನಾನೆಲ್ಲಿ?"

ನರಸೋಜ ಅದಾದ ಮೇಲೂ ಬಹಳ ವರ್ಷ ಬದುಕಿದ, ಬಹಳ ಮುಖಗಳನ್ನು ಬರೆದ. ಬರೆಸಿಕೊಂಡ ಶ್ರೀಮಂತರು ಮೊದಲಿನಷ್ಟು ಸಂತೋಷಪಡಲಿಲ್ಲ ಎನ್ನುತ್ತಾರೆ. ಗಿರಿಯವ್ವನ ಚಿತ್ರವನ್ನು ಅವನು ಬರೆದನೆಂದೂ ಹಲ್ಲು ಇದ್ದ ಹಾಗೆಯೇ ಇತ್ತೆಂದೂ ಹೇಳುತ್ತಾರೆ. ಆ ಮನೆ ಈಗ ಇಲ್ಲ. ಗುಡ್ಡಕ್ಕೆ ಮೊದಲು ಬೇರೆ ಹೆಸರಿತ್ತಂತೆ. ಯಾರಿಗೂ ನೆನಪಿಲ್ಲ. ನವಣೆ ಒತ್ತಿ ಮಾಡಿದ ಮೊಗದವಳು ಅಲ್ಲಿ ನಿಂತ ಮೇಲೆ ಜನ ಅದನ್ನು ನವಣೆಮೊಗದಮ್ಮನ ಗುಡ್ಡವೆಂದೇ ಕರೆದರು, ಇಂದಿಗೂ ಹಾಗೆಯೇ ಕರೆಯುತ್ತಾರೆ.

ಅಮ್ಮ ಈಗ ಆ ರೂಪದಲ್ಲಿ ಬರುವುದನ್ನು ಬಿಟ್ಟಿದ್ದಾಳೆ, ಅವಳ ಕರುಣೆ. ಆದರೂ ಜನ ಬರುತ್ತಾರೆ. ಸುಟ್ಟಗಾಯವಾದವರು, ಬಿಳಿಮಚ್ಚೆಯವರು, ಕನ್ನಡಿ ಕಂಡರೆ ಮುಖ ತಿರುಗಿಸುವವರು ಬರುತ್ತಾರೆ. ಕಣ್ಣಿಲ್ಲದವರನ್ನು ಎಲ್ಲರಿಗಿಂತ ಮೊದಲು ಒಳಗೆ ಬಿಡುವುದು ಅಲ್ಲಿಯ ಪದ್ಧತಿ. ಪೂಜಾರಿಯ ತಟ್ಟೆಯ ಬಿಸಿಲು ಗೋಡೆಯ ಮೇಲೆ ಬಿದ್ದಾಗ, ಎಷ್ಟೋ ಕೈಗಳು ಸವರಿ ನುಣುಪಾದ ಕುಳಿಗಳು ಹೊಳೆಯುತ್ತವೆ. ಪಕ್ಕದಲ್ಲಿ ನಾಯಕ ಕಣ್ಣಿಲ್ಲದೆ ಕೈಮುಗಿದು ನಿಂತೇ ಇದ್ದಾನೆ. ಎಡತುಟಿಯ ಹತ್ತಿರದ ಒಂದು ಕುಳಿ ಮಾತ್ರ ಉಳಿದವುಗಳಂತೆ ದುಂಡಗಿಲ್ಲ. ಸೊಟ್ಟಗೆ, ಒರಟಾಗಿ, ಉಗುರಿನ ಗೀರುಗಳ ಸಮೇತ ಇದೆ. ಬಂದವರು ಅದರಲ್ಲಿ ಒಂದು ನವಣೆ ಕಾಳು ಇಟ್ಟು ಕೈಮುಗಿಯುತ್ತಾರೆ. ಬಿಸಿಲು ಅತ್ತಿತ್ತ ಅಲುಗಿದರೆ ಆ ಕುಳಿಯ ನೆರಳು ತುಸು ಒಳಸರಿಯುತ್ತದೆ, ಮತ್ತು ನಾಗತಿ ನಗುವಂತೆ ಕಾಣುತ್ತಾಳೆ.

ಕೇಳಿದ ನಿಮಗೆಲ್ಲ ಆ ತಾಯಿ ಒಳ್ಳೆಯದು ಮಾಡಲಿ. ಅವಳು ಕೊಟ್ಟ ಮುಖವನ್ನು ಹೊತ್ತು ನಡೆಯುವ ಧೈರ್ಯ ನಿಮಗಿರಲಿ, ಎದುರಿನವರ ಮುಖವನ್ನು ತಿರುಗಿ ನೋಡುವ ಕಣ್ಣು ನಿಮಗಿರಲಿ. ನಿಮ್ಮ ಮನೆಯ ಮಕ್ಕಳ ಮೈ ತಂಪಾಗಿರಲಿ, ಮೊರದಲ್ಲಿ ಕಾಳು ಬರಿದಾಗದಿರಲಿ.